ತಂತಿಯ ಗುರುತು, ಗುರುತಿನ ಹೊಣೆ

ಮುಂಡಗೋಡ ತಾಲೂಕಿನ ಇಂದೂರಿನಲ್ಲಿ, ಆಷಾಢದ ಮಳೆ ಬಿಡದೆ ಹಿಡಿದು ಹೊಲಗೆಲಸಗಳೆಲ್ಲ ನಿಂತುಹೋಗಿದ್ದ ಒಂದು ಅಪರಾಹ್ನ, ಮನೆಯೊಂದರ ಪಡಸಾಲೆಯಲ್ಲಿ ನಡೆದ ಸಂಭಾಷಣೆಯಿದು. ಮಾತನಾಡಿದವರಲ್ಲಿ ಒಬ್ಬರು, ದಾಂಡೇಲಿ ಹಳಿಯಾಳಗಳ ಕಡೆಯಲ್ಲಿ ದೂರವಾಣಿ ಇಲಾಖೆಯ ಕೇಬಲ್ಲುಗಳ ಕೆಲಸದಲ್ಲಿಯೇ ಆಯುಷ್ಯದ ಬಹುಭಾಗವನ್ನು ಕಳೆದು ವಿಶ್ರಾಂತರಾಗಿರುವ ಹಿರಿಯರು. ಇನ್ನೊಬ್ಬನು ಅವರ ಅಣ್ಣನ ಮಗ, ಹುಬ್ಬಳ್ಳಿಯಲ್ಲಿದ್ದುಕೊಂಡು ಶಾಲೆ, ಕಚೇರಿ, ಆಸ್ಪತ್ರೆಗಳ ಕಟ್ಟಡಗಳಿಗೆ ನೆಟ್‌ವರ್ಕಿನ ಕೇಬಲ್ ಎಳೆಯಿಸುವ ಗುತ್ತಿಗೆಯ ತರುಣ. ಗೋಡೆಯೊಳಗೆ ಅಡಗಿಹೋಗುವ ತಂತಿಗೆ ಗುರುತು ಬೇಕೆ, ಬೇಕಾದರೆ ಅದನ್ನು ಬರೆದಿಡತಕ್ಕವರು ಯಾರು ಎಂಬ ಪ್ರಶ್ನೆ ಹೊರನೋಟಕ್ಕೆ ಅಲ್ಪವೆಂದು ತೋರಬಹುದು. ಪಿಂಚಣಿಯಿಂದ ಪಹಣಿಯವರೆಗೆ, ರೋಗಿಯ ರಕ್ತಪರೀಕ್ಷೆಯಿಂದ ವಿದ್ಯಾರ್ಥಿಯ ಅಂಕಪಟ್ಟಿಯವರೆಗೆ ಎಲ್ಲವೂ ಆ ತಂತಿಗಳಲ್ಲಿ ಹರಿಯುವ ಈ ಕಾಲದಲ್ಲಿ ಅದು ಅಲ್ಪವಲ್ಲವೆಂದು ನನಗೆ ದೃಢವಾಗಿ ತೋರಿದ್ದರಿಂದ, ಕೇಳಿದಷ್ಟನ್ನು ಇಲ್ಲಿ ಬರೆದಿದ್ದೇನೆ. ಅವರು ಊರ ಮಾತಿನಲ್ಲಿ ಆಡಿದ್ದನ್ನು ಬರಹದ ಭಾಷೆಗೆ ತಂದದ್ದು ಮಾತ್ರ ನನ್ನ ಕೆಲಸ.

ತರುಣ: ಕಾಕಾ, ನಿನ್ನೆ ಎರಡಂತಸ್ತಿನ ಒಂದು ಕಚೇರಿಗೆ ಹೋಗಿದ್ದೆ. ರ‍್ಯಾಕಿನ ಹಿಂದೆ ತೋಳಿನಷ್ಟು ದಪ್ಪನೆಯ ನೀಲಿ ಕೇಬಲ್ಲುಗಳ ಕಟ್ಟು. ಒಂದಕ್ಕೂ ಅಂಕಿಯಿಲ್ಲ, ಅಕ್ಷರವಿಲ್ಲ. ಕೆಟ್ಟಿದ್ದುದು ಒಂದೇ ಪಾಯಿಂಟು. ಆ ಕಟ್ಟಿನಲ್ಲಿ ಅದರದು ಯಾವುದೆಂದು ಹುಡುಕುವುದರಲ್ಲಿಯೇ ಹೊತ್ತು ಇಳಿಯಿತು. ಕಡೆಗೆ ಬೇಸತ್ತು ಹೊಸ ಕೇಬಲ್ಲನ್ನೇ ಎಳೆಸಿಬಿಟ್ಟೆ. ನಿಮಗೆ ಹಿಡಿಸಲಿಕ್ಕಿಲ್ಲ, ಆದರೂ ಹಳೆಯದನ್ನು ಹುಡುಕುವುದಕ್ಕಿಂತ ಹೊಸದನ್ನು ಎಳೆಯುವುದೇ ಅಗ್ಗವೆಂದು ನನ್ನ ಲೆಕ್ಕ.

ಹಿರಿಯರು: ಹಳೆಯದನ್ನು ಏನು ಮಾಡಿದಿ, ತಮ್ಮಾ?

ತರುಣ: ಎಲ್ಲಿತ್ತೋ ಅಲ್ಲಿಯೇ ಬಿಟ್ಟೆ. ಯಾವುದೆಂದು ತಿಳಿಯದ ಮೇಲೆ ಕತ್ತರಿಸುವುದು ಹೇಗೆ? ಕೆಲಸ ಮಾಡುತ್ತಿರುವುದನ್ನು ಕತ್ತರಿಸಿದ್ದರೆ ಇಡೀ ಕಚೇರಿ ನನ್ನ ಮೇಲೆ ಬೀಳುತ್ತಿತ್ತು.

ಹಿರಿಯರು: ಹಾಗಾದರೆ ನಿನ್ನ ಲೆಕ್ಕದಲ್ಲಿ ಒಂದು ಬಾಬು ಬಿಟ್ಟುಹೋಗಿದೆ. ನೀನು ಬಿಟ್ಟುಬಂದ ಆ ಕೇಬಲ್ಲು ನಾಳೆ ಬರುವವನ ಹುಡುಕಾಟಕ್ಕೆ ಇನ್ನೊಂದು ಎಳೆಯನ್ನು ಸೇರಿಸಿತು. ಅವನೂ ನಿನ್ನಂತೆಯೇ ಲೆಕ್ಕ ಹಾಕಿದರೆ ಮತ್ತೊಂದು ಸೇರುತ್ತದೆ. ಅದಷ್ಟೇ ಆಗಿದ್ದರೆ ಶ್ರಮದ ಮಾತೆಂದು ಬಿಡಬಹುದಾಗಿತ್ತು. ಫಾಲ್ಸ್ ಸೀಲಿಂಗಿನ ಮೇಲೆ ಹೀಗೆ ರಾಶಿ ಬೀಳುವ ಕೇಬಲ್ಲುಗಳ ಹೊದಿಕೆ ಪ್ಲಾಸ್ಟಿಕ್ಕಿನದು. ಬೆಂಕಿ ಬಿದ್ದಾಗ ಅದು ತಾನೂ ಉರಿದು, ಉಸಿರು ಕಟ್ಟಿಸುವ ಹೊಗೆಯನ್ನೂ ಬಿಡುತ್ತದೆ. ಅಮೆರಿಕದವರು ತಮ್ಮ ರಾಷ್ಟ್ರೀಯ ವಿದ್ಯುತ್ ಸಂಹಿತೆಯ 2002 ರ ಆವೃತ್ತಿಯಲ್ಲಿ, ಕೈಗೆಟಕುವಂತಿರುವ ನಿರುಪಯುಕ್ತ ಕೇಬಲ್ಲನ್ನು ತೆಗೆದುಹಾಕತಕ್ಕದ್ದು, ಮುಂದೆ ಬಳಸುವ ಉದ್ದೇಶವಿದ್ದರೆ ಆ ಅರ್ಥದ ಚೀಟಿಯನ್ನು ಅದಕ್ಕೆ ಕಟ್ಟಿರತಕ್ಕದ್ದು ಎಂದು ವಿಧಿಸಿದ್ದು ಈ ಭಯದಿಂದಲೇ. ಅಂದರೆ ಅಲ್ಲಿ ಚೀಟಿಯಿಲ್ಲದ ಬಿಡಿ ಕೇಬಲ್ಲಿಗೆ ಕಟ್ಟಡದಲ್ಲಿ ಇರುವ ಹಕ್ಕೇ ಇಲ್ಲ.

ತರುಣ: ಅಲ್ಲಿಯ ವಿಧಿ ಅಲ್ಲಿಯವರಿಗೆ. ಇಲ್ಲಿ ನನಗೆ ಹಣ ಸಲ್ಲುವುದು ಪಾಯಿಂಟಿಗೆ ಇಷ್ಟು ಎಂದು. ಲೇಬಲ್ ಎಂಬ ಪದ ಟೆಂಡರಿನ ಯಾವುದೋ ಸಾಲಿನಲ್ಲಿ ಇದ್ದರೂ ಇರಬಹುದು, ಅದಕ್ಕೆಂದು ಪ್ರತ್ಯೇಕ ದರ ಮಾತ್ರ ಇರುವುದಿಲ್ಲ. ಉದ್ಘಾಟನೆಯ ಹಿಂದಿನ ಸಂಜೆ ಹುಡುಗರು ಮಾರ್ಕರ್ ಪೆನ್ನು ಹಿಡಿದು ಒಂದು, ಎರಡು, ಮೂರು ಎಂದು ಗೀಚಿ ಕೈ ತೊಳೆದುಕೊಳ್ಳುತ್ತಾರೆ. ಮತ್ತೊಂದು ಮಾತು: ಇಂದಿನ ಸ್ವಿಚ್ಚುಗಳು ನಿಮ್ಮ ಕಾಲದ ಹಲಗೆಗಳಂತೆ ಮೂಕವಲ್ಲ. ಯಾವ ಪೋರ್ಟಿಗೆ ಯಾವ ಯಂತ್ರ ಕೂಡಿದೆ, ಎಷ್ಟು ವೇಗದಲ್ಲಿ ಮಾತನಾಡುತ್ತಿದೆ ಎಂಬುದನ್ನು ಅವು ತಾವಾಗಿಯೇ ಬರೆದುಕೊಳ್ಳುತ್ತವೆ. ಹುಬ್ಬಳ್ಳಿಯಲ್ಲಿ ಕುಳಿತೇ ನಾನು ಅದನ್ನು ಓದಬಲ್ಲೆ. ಯಂತ್ರವೇ ರಿಜಿಸ್ಟರು ಬರೆಯುತ್ತಿರುವಾಗ ಚೀಟಿ ಅಂಟಿಸುವ ಶ್ರಮ ಯಾರಿಗಾಗಿ?

ಹಿರಿಯರು: ಯಂತ್ರ ಬರೆದುಕೊಳ್ಳುವುದು ತನ್ನೊಡನೆ ಮಾತನಾಡುತ್ತಿರುವುದನ್ನು ಮಾತ್ರ. ತುಂಡಾದ ಕೇಬಲ್ಲು, ಇನ್ನೂ ಬಳಕೆಗೆ ಬಾರದ ಕೇಬಲ್ಲು, ಬೆಳಕು ಹಾಯಿಸದೆ ಬಿಟ್ಟಿರುವ ಫೈಬರಿನ ಎಳೆ, ಇವು ಅದರ ಪಾಲಿಗೆ ಇಲ್ಲವೇ ಇಲ್ಲ. ನೀನು ನಿನ್ನೆ ಹುಡುಕಿದ್ದು ಇಂಥ ಇಲ್ಲದವುಗಳಲ್ಲಿ ಒಂದನ್ನೇ ಅಲ್ಲವೆ? ಅದಿರಲಿ, ಟೆಸ್ಟರ್ ಹಚ್ಚಿರಬೇಕಲ್ಲ, ಅದೇನು ಹೇಳಿತು?

ತರುಣ: ಗೋಡೆಯ ಪಾಯಿಂಟಿನಿಂದ ಹಚ್ಚಿದಾಗ 37 ಮೀಟರಿನಲ್ಲಿ ತುಂಡಾಗಿದೆ ಎಂದಿತು.

ಹಿರಿಯರು: ಯಾವ ದಿಕ್ಕಿನಲ್ಲಿ 37 ಮೀಟರ್? ಪಾಯಿಂಟಿನಿಂದ ಮೇಲೇರಿ ಪಡಸಾಲೆಯ ಮೇಲೆ ಹಾದಿದೆಯೋ, ನೆಲದ ಕಾಂಡ್ಯೂಟಿನಲ್ಲಿ ಇಳಿದಿದೆಯೋ, ಮೆಟ್ಟಿಲ ಮಗ್ಗುಲಿನ ಶಾಫ್ಟಿನಲ್ಲಿ ಸುತ್ತಿಬಂದಿದೆಯೋ? ಹಾದಿಯ ನಕ್ಷೆಯಿದ್ದಿದ್ದರೆ ಆ 37 ಎಂಬುದು ಒಂದು ವಿಳಾಸವಾಗುತ್ತಿತ್ತು. ನೇರವಾಗಿ ಅಲ್ಲಿಗೆ ಏಣಿ ಹಾಕಿ ಇಲಿ ಕಡಿದ ಜಾಗವನ್ನು ಕೈಯಿಂದ ಮುಟ್ಟುತ್ತಿದ್ದಿ. ನಕ್ಷೆಯಿಲ್ಲದ ಕಾರಣ ಬೆಲೆಬಾಳುವ ಉಪಕರಣ ಹೇಳಿದ ಸತ್ಯವೂ ನಿನಗೆ ಉಪಯೋಗಕ್ಕೆ ಬರಲಿಲ್ಲ. ಇನ್ನೂ ಒಂದು: ನಿಮ್ಮ ಕೇಬಲ್ಲಿನ ಪೆಟ್ಟಿಗೆಯಲ್ಲಿ 305 ಮೀಟರ್ ಇರುತ್ತದೆ, ಹೊದಿಕೆಯ ಮೇಲೆ ಅಳತೆಯ ಅಂಕಿಗಳು ಕಾರ್ಖಾನೆಯಲ್ಲಿಯೇ ಅಚ್ಚಾಗಿರುತ್ತವೆ. ಎಳೆದ ದಿನ ಎರಡೂ ತುದಿಗಳ ಅಂಕಿಯನ್ನು ಒಂದು ಹಾಳೆಯಲ್ಲಿ ಬರೆದಿಟ್ಟಿದ್ದರೆ ಸಾಕಾಗಿತ್ತು. ಚೀಟಿ ಉದುರಿದರೂ ಕೇಬಲ್ಲು ತನ್ನ ಗುರುತನ್ನು ತಾನೇ ಹೇಳುತ್ತಿತ್ತು. ಅದಕ್ಕೆ ಕಾಸಿನ ಖರ್ಚಿಲ್ಲ.

ತರುಣ: ಈ ಕೊನೆಯ ಮಾತನ್ನು ಒಪ್ಪಿದೆ. ಆದರೆ ನೀವು ಕಾರ್ಖಾನೆಯ ಗುರುತಿನ ಮೇಲೆ ಭರವಸೆಯಿಡುತ್ತಿದ್ದೀರಿ, ಮನುಷ್ಯ ಬರೆದ ಚೀಟಿಯ ಮೇಲಲ್ಲ. ನನ್ನ ವಾದವೂ ಅದೇ. ನೀವು ಮಕ್ಕಳಾದ ನಮಗೆ ಬಾಯಿಪಾಠ ಮಾಡಿಸುತ್ತಿದ್ದ ಬಣ್ಣಗಳ ಕ್ರಮ ನೆನಪಿದೆ: ಬಿಳಿ, ಕೆಂಪು, ಕಪ್ಪು, ಹಳದಿ, ನೇರಳೆ ಎಂಬ ಐದಕ್ಕೆ ನೀಲಿ, ಕಿತ್ತಳೆ, ಹಸಿರು, ಕಂದು, ಬೂದು ಎಂಬ ಐದನ್ನು ಕೂಡಿಸಿದರೆ 25 ಜೋಡಿಗಳು. ಇಂದು ನಾನು ಕೂಡಿಸುವ ಕೇಬಲ್ಲಿನ ನಾಲ್ಕು ಜೋಡಿಗಳೂ ಅದೇ ನೀಲಿ, ಕಿತ್ತಳೆ, ಹಸಿರು, ಕಂದು. ಫೈಬರಿನ ಎಳೆಗಳ ಎಣಿಕೆಯೂ ಅಲ್ಲಿಂದಲೇ ಆರಂಭ. ಹುಟ್ಟಿನೊಡನೆ ಬಂದ ಆ ಗುರುತು ಸುಳ್ಳಾಗುವುದಿಲ್ಲ, ಏಕೆಂದರೆ ಅದನ್ನು ತಿದ್ದುವ ಅವಕಾಶ ಯಾರಿಗೂ ಇಲ್ಲ. ಮನುಷ್ಯ ಅಂಟಿಸಿದ್ದು ಹಾಗಲ್ಲ.

ಹಿರಿಯರು: ಬಣ್ಣವು ಕೇಬಲ್ಲಿನ ಒಳಗಿನ ಮಾತನ್ನು ಹೇಳುತ್ತದೆ, ಕೇಬಲ್ಲು ಎಲ್ಲಿಂದ ಹೊರಟು ಎಲ್ಲಿಗೆ ಮುಟ್ಟುತ್ತದೆಂಬುದನ್ನು ಕಾರ್ಖಾನೆಯವನು ಹೇಗೆ ಹೇಳಿಯಾನು? ಬಣ್ಣದ ಅನುಕೂಲವಾದರೂ ಮೊದಲಿನಿಂದ ಇದ್ದದ್ದಲ್ಲ. ಸೀಸದ ಕವಚದೊಳಗೆ ಕಾಗದ ಸುತ್ತಿದ ತಂತಿಗಳ ಕೇಬಲ್ಲಿದ್ದ ಕಾಲದಲ್ಲಿ ಜೋಡಿಗಳನ್ನು ಒಂದೊಂದಾಗಿ ಪರೀಕ್ಷಿಸಿ ಗುರುತಿಸಬೇಕಾಗುತ್ತಿತ್ತು. ಕವಚ ಸೀಳಿ ನೀರು ಹೊಕ್ಕರೆ ಕಾಗದ ನೆನೆದು ಕೇಬಲ್ಲು ಕೆಡುತ್ತಿತ್ತು. ಕಾಗದಕ್ಕೂ ಕೇಬಲ್ಲಿಗೂ ಇದ್ದ ಈ ನಂಟು ದಾಂಡೇಲಿಯಲ್ಲಿದ್ದಾಗ ಬಹಳ ಸಲ ನನ್ನ ಮನಸ್ಸಿಗೆ ಬಂದದ್ದುಂಟು; 1955 ರಲ್ಲಿ ಸ್ಥಾಪಿತವಾದ ಅಲ್ಲಿಯ ವೆಸ್ಟ್ ಕೋಸ್ಟ್ ಪೇಪರ್ ಮಿಲ್ಸ್ ಈಗ ಮೈಸೂರಿನಲ್ಲಿ ಆಪ್ಟಿಕಲ್ ಫೈಬರ್ ಕೇಬಲ್ಲನ್ನೂ ತಯಾರಿಸುತ್ತದೆ. ಅದೇ ದಾಂಡೇಲಿಯ ನಾಟಾ ಡಿಪೋವನ್ನು ನೀನು ನೋಡಿದ್ದೀಯಲ್ಲ. ಅಲ್ಲಿ ಒಂದೊಂದು ದಿಮ್ಮಿಯ ತುದಿಗೂ ನಂಬರು ಇದೆ, ಇಲಾಖೆಯ ಹ್ಯಾಮರಿನ ಗುರುತಿದೆ, ರಿಜಿಸ್ಟರಿನಲ್ಲಿ ಅದರ ಉದ್ದ ಸುತ್ತಳತೆಗಳಿವೆ. ಗುರುತಿಲ್ಲದ ದಿಮ್ಮಿ ಲಿಲಾವಿಗೆ ಬಾರದು, ಗೇಟು ದಾಟದು. ಮರಕ್ಕೆ ಇಷ್ಟು ಶ್ರದ್ಧೆಯನ್ನು ತೋರಿಸಿದ ನಾಡಿನಲ್ಲಿ ತಂತಿಗೆ ಏಕೆ ತೋರಿಸಬಾರದು?

ತರುಣ: ಒಳ್ಳೆಯ ಉದಾಹರಣೆ ಕೊಟ್ಟಿರಿ, ಕಾಕಾ, ಅದು ನನ್ನ ಕಡೆಗೇ ಸಾಕ್ಷಿ ಹೇಳುತ್ತದೆ. ದಿಮ್ಮಿಗೆ ನಂಬರು ಬಿದ್ದ ಮೇಲೆ ಅದು ಬದಲಾಗುವುದಿಲ್ಲ. ಬಿದ್ದಲ್ಲಿ ಬಿದ್ದಿದ್ದು ಒಂದು ದಿನ ಲಾರಿ ಏರುತ್ತದೆ. ನನ್ನ ರ‍್ಯಾಕಿನಲ್ಲಿಯಾದರೋ, ಇಂದು ಲೆಕ್ಕಶಾಖೆಗಿದ್ದ ಪಾಯಿಂಟು ನಾಳೆ ಸಿ.ಸಿ. ಕ್ಯಾಮೆರಾಕ್ಕೆ ಹೋಗುತ್ತದೆ, ಆಚೆಯ ವಾರ ಪ್ರಿಂಟರಿಗೆ. ಎರಡನೆಯದಾಗಿ, ನಂಬರಿಲ್ಲದ ದಿಮ್ಮಿ ಹೊರಟುಹೋದರೆ ಸರ್ಕಾರದ ಬೊಕ್ಕಸಕ್ಕೆ ನಷ್ಟ, ಕಾವಲಿನವನ ಕೆಲಸಕ್ಕೆ ಕುತ್ತು. ಯಾರಿಗೆ ನಷ್ಟವಿದೆಯೋ ಅವರು ಬರೆಯುತ್ತಾರೆ, ಬರೆಸುತ್ತಾರೆ. ಕೇಬಲ್ಲಿಗೆ ಗುರುತಿಲ್ಲದಿದ್ದರೆ ನಷ್ಟ ಯಾರಿಗೆ? ನನಗಂತೂ ಅಲ್ಲ, ನನ್ನ ಬಿಲ್ಲು ಪಾಸಾಗಿ ವರ್ಷಗಳಾದ ಮೇಲೆ ಬರುವ, ನಾನು ಮುಖ ನೋಡದ ಯಾರಿಗೋ.

ಈ ಮಾತಿಗೆ ಹಿರಿಯರು ಕೂಡಲೇ ಉತ್ತರ ಕೊಡಲಿಲ್ಲ. ನನಗೆ ತೋರುವಂತೆ ಇಡೀ ಸಂವಾದದ ಗಂಟು ಇಲ್ಲಿಯೇ ಇದ್ದಿತು.

ಹಿರಿಯರು: ನಷ್ಟ ಅನುಭವಿಸುವವನೊಬ್ಬ, ತಪ್ಪು ಮಾಡುವವನೊಬ್ಬ, ಅದು ನಿಜ. ಎಕ್ಸ್‌ಚೇಂಜಿನಲ್ಲಿ ನಮಗೆ ಆ ಭಾಗ್ಯವಿರಲಿಲ್ಲ, ಏಕೆಂದರೆ ತಪ್ಪು ಮಾಡಿದವನೂ ಮಾರನೆಯ ದಿನ ಅದನ್ನು ಹುಡುಕುವವನೂ ಒಬ್ಬನೇ ಆಗಿರುತ್ತಿದ್ದ. ಎಂ.ಡಿ.ಎಫ್. ಎಂದರೆ ಏನೆಂದು ನೀನು ಬಲ್ಲೆ: ಒಂದು ಮಗ್ಗುಲಿಗೆ ಊರಿನಿಂದ ನೆಲದಡಿ ಬಂದ ಕೇಬಲ್ಲಿನ ಜೋಡಿಗಳು, ಇನ್ನೊಂದು ಮಗ್ಗುಲಿಗೆ ಎಕ್ಸ್‌ಚೇಂಜಿನ ನಂಬರುಗಳು, ನಡುವೆ ಅವೆರಡನ್ನು ಕೂಡಿಸುವ ಜಂಪರ್ ತಂತಿ. ಇಂಥ ನಂಬರಿನ ಫೋನು ಇಂಥ ವರ್ಟಿಕಲ್ಲಿನ ಇಂಥ ಟ್ಯಾಗಿನಿಂದ ಹೊರಟು, ಇಂಥ ಪಿಲ್ಲರಿನ ಇಂಥ ಜೋಡಿಯಲ್ಲಿ ಹಾದು, ಮನೆಯ ಹತ್ತಿರದ ಇಂಥ ಡಿ.ಪಿ. ಪೆಟ್ಟಿಗೆಯಲ್ಲಿ ಇಳಿಯುತ್ತದೆ ಎಂದು ಪುಸ್ತಕದಲ್ಲಿ ಇರುತ್ತಿತ್ತು. ನೀನು ಹೇಳುವ ದಿನದಿನದ ಬದಲಾವಣೆ ನಮಗೆ ಹೊಸದಲ್ಲ. ಜಂಪರ್ ಇದ್ದದ್ದೇ ಬದಲಿಸುವುದಕ್ಕೆ. ನಿಮ್ಮ ಪ್ಯಾಚ್ ಕಾರ್ಡು ಅದೇ ಜಂಪರಿನ ವಂಶದ್ದು. ಸ್ಥಿರವಾದ ಭಾಗವನ್ನು ಗೋಡೆಯೊಳಗಿಟ್ಟು, ಚರವಾದ ಭಾಗವನ್ನು ಕಣ್ಣೆದುರಿಗಿಟ್ಟದ್ದು ಇದಕ್ಕಾಗಿಯೇ: ಸ್ಥಿರವಾದದ್ದಕ್ಕೆ ಒಮ್ಮೆ ಹಚ್ಚಿದ ಗುರುತು ಅಳಿಯಬಾರದು, ಚರವಾದದ್ದನ್ನು ಬದಲಿಸಿದಾಗಲೆಲ್ಲ ಬರೆಯಬೇಕು. ಲೆಕ್ಕಶಾಖೆಯ ಪಾಯಿಂಟು ಕ್ಯಾಮೆರಾಕ್ಕೆ ಹೋದರೆ ಗೋಡೆಯ ನಂಬರು ಬದಲಾಗಬೇಕಾಗಿಲ್ಲ. ಪುಸ್ತಕದ ಒಂದು ಸಾಲು ಬದಲಾದರೆ ಆಯಿತು.

ತರುಣ: ಆ ಪುಸ್ತಕಗಳೆಲ್ಲ ಈಗ ಎಲ್ಲಿವೆ, ಕಾಕಾ? ನಿಷ್ಠುರವಾಗಿ ಕೇಳುತ್ತೇನೆ, ಕ್ಷಮಿಸಬೇಕು. ಬಿ.ಎಸ್.ಎನ್.ಎಲ್.ನಲ್ಲಿ 2019 ರ ಕೊನೆಗೆ ಸ್ವಯಂನಿವೃತ್ತಿಯ ಯೋಜನೆ ಬಂದು, 2020 ರ ಜನವರಿ 31 ರಂದು ದೇಶದಾದ್ಯಂತ 78,000 ಕ್ಕೂ ಹೆಚ್ಚು ಜನ ಒಂದೇ ದಿನ ಹೊರಬಂದರು. ನಿಮ್ಮ ಗೆಳೆಯರಲ್ಲಿ ಎಷ್ಟೋ ಮಂದಿ ಅವರಲ್ಲಿ ಇದ್ದರು. ಆಮೇಲೆ ನಿಮ್ಮ ಮನೆಯ ಫೋನಿಗೆ ಏಕೆ ಕರೆಗಳು ಬರುತ್ತಿದ್ದವು? ಯಾವ ಜೋಡಿ ಎಲ್ಲಿ ಹಾದಿದೆ, ಯಾವ ಜಾಯಿಂಟು ಯಾವ ಮರದ ಬುಡದಲ್ಲಿ ಹುಗಿದಿದೆ ಎಂದು ಕಚೇರಿಯವರು ನಿಮ್ಮನ್ನು ಕೇಳಬೇಕಾಯಿತೇಕೆ, ಎಲ್ಲವೂ ಪುಸ್ತಕದಲ್ಲಿ ಇದ್ದಿದ್ದರೆ?

ಹಿರಿಯರು: ಪುಸ್ತಕದಲ್ಲಿ ಮೊದಲು ಎಲ್ಲವೂ ಇತ್ತು. ಕ್ರಮೇಣ ಪುಸ್ತಕಕ್ಕಿಂತ ಲೈನ್‌ಮನ್ನನ ನೆನಪು ಬೇಗ ಸಿಕ್ಕತೊಡಗಿತು. ಬೇಗ ಸಿಕ್ಕುವುದನ್ನೇ ಜನ ಕೇಳುತ್ತಾರೆ. ಕೇಳುವವರಿರುವಾಗ ಬರೆಯುವ ಕೈ ಸಡಿಲಾಗುತ್ತದೆ. ಬಲ್ಲವನೆನ್ನಿಸಿಕೊಳ್ಳುವುದರಲ್ಲಿ ಒಂದು ಮಾನವೂ ಉಂಟಷ್ಟೆ. ಕೈಯಿಂದ ಕೂಡಿಸುವ ಬೋರ್ಡಿನ ಕಾಲದಲ್ಲಿ ಆಪರೇಟರು ಊರಿನ ನಂಬರುಗಳನ್ನೆಲ್ಲ ಹೆಸರು ಹಿಡಿದು ಬಲ್ಲವನಾಗಿದ್ದ. ಅವನೇ ಸಜೀವ ರಿಜಿಸ್ಟರು. 1986 ರಲ್ಲಿ ಇಲ್ಲೇ ನೆರೆಯ ಕಿತ್ತೂರಿನಲ್ಲಿ ಸಿ-ಡಾಟ್‌ನವರ 128 ಪೋರ್ಟುಗಳ ಗ್ರಾಮೀಣ ಸ್ವಯಂಚಾಲಿತ ಎಕ್ಸ್‌ಚೇಂಜು ಮೊಟ್ಟಮೊದಲು ಕೆಲಸಕ್ಕೆ ನಿಂತಾಗ, ಏರ್ ಕಂಡಿಷನರಿನ ಹಂಗಿಲ್ಲದೆ ಧೂಳು ಸೆಕೆಗಳನ್ನು ಸಹಿಸಿ ನಡೆಯುವ ಆ ಪೆಟ್ಟಿಗೆ ಹಳ್ಳಿಹಳ್ಳಿಗೆ ಬರುವಾಗ, ಇನ್ನು ನೆನಪಿನ ಅವಲಂಬನ ತಪ್ಪಿತೆಂದು ನಾವೆಲ್ಲ ಭಾವಿಸಿದೆವು. ಪೆಟ್ಟಿಗೆಯೊಳಗೆ ತಪ್ಪಿತು, ಪೆಟ್ಟಿಗೆಯ ಹೊರಗಿನ ತಂತಿಯಲ್ಲಿ ತಪ್ಪಲಿಲ್ಲ. ನಿನ್ನ ಸ್ವಿಚ್ಚಿನ ವಿಷಯದಲ್ಲಿಯೂ ನಾನು ಹೇಳಹೊರಟದ್ದು ಇಷ್ಟೇ.

ತರುಣ: ಹಾಗಿದ್ದರೆ ನನ್ನ ಭಯವನ್ನು ಕೇಳಿ. ಗುರುತಿಲ್ಲದ ಕೇಬಲ್ಲನ್ನು ಕಂಡರೆ ನಾನು ಎಚ್ಚರಗೊಳ್ಳುತ್ತೇನೆ, ಟೋನ್ ಹಾಕಿ ಎರಡೆರಡು ಸಲ ಪರೀಕ್ಷಿಸುತ್ತೇನೆ. ಅಂದವಾಗಿ ಅಚ್ಚಾದ ಚೀಟಿಯನ್ನು ಕಂಡರೆ ನಂಬಿಬಿಡುತ್ತೇನೆ. ಆ ಚೀಟಿ ಸುಳ್ಳಾಗಿದ್ದರೆ ಕೆಡುವುದು ಹೆಚ್ಚು. ಒಂದು ಆಸ್ಪತ್ರೆಯಲ್ಲಿ ‘ಖಾಲಿ’ ಎಂದು ಬರೆದಿದ್ದ ಪೋರ್ಟಿನ ಕಾರ್ಡು ಕಿತ್ತಾಗ ಔಷಧ ವಿಭಾಗದ ಕಂಪ್ಯೂಟರುಗಳು ನಿಂತುಹೋದದ್ದನ್ನು ಕಣ್ಣಾರೆ ಕಂಡಿದ್ದೇನೆ. ಕಾಲಕಾಲಕ್ಕೆ ತಿದ್ದುವ ವ್ಯವಸ್ಥೆ ಇಲ್ಲದಿರುವಲ್ಲಿ ಗುರುತು ಹಚ್ಚುವುದು ಹಚ್ಚದೆ ಇರುವುದಕ್ಕಿಂತ ಅಪಾಯಕರ.

ಹಿರಿಯರು: ಆ ಚೀಟಿಯಲ್ಲಿ ಎರಡು ದೋಷಗಳಿದ್ದವು. ಒಂದು, ಅದು ಬದಲಾಗುವ ಸಂಗತಿಯನ್ನು ಬದಲಾಗದ ಜಾಗದಲ್ಲಿ ಬರೆಯಿತು. ಖಾಲಿಯೋ ತುಂಬಿದೆಯೋ ಎಂಬುದು ಪುಸ್ತಕದ ಮಾತು. ಚೀಟಿಯ ಮೇಲೆ ಇರತಕ್ಕದ್ದು ನಂಬರು ಮಾತ್ರ. ‘ಪ್ರಿನ್ಸಿಪಾಲರ ಕೋಣೆ’, ‘ದೊಡ್ಡ ಸಾಹೇಬರ ಮೇಜು’ ಎಂದು ಬರೆದ ಚೀಟಿಗಳಿಗೂ ಇದೇ ದೋಷ. ಸಾಹೇಬರು ಕೋಣೆ ಬದಲಿಸಿದ ದಿನವೇ ಚೀಟಿ ಸುಳ್ಳಾಗುತ್ತದೆ. ಅಂಕಿತವಿರಬೇಕಾದದ್ದು ಮನುಷ್ಯನಿಗಲ್ಲ, ಸ್ಥಳಕ್ಕೆ. ಎರಡನೆಯ ದೋಷ, ಅದರ ಮೇಲಾಗಲಿ ಬೇರೆಲ್ಲಿಯಾಗಲಿ ದಿನಾಂಕವಿರಲಿಲ್ಲ. ಎಂದು ನಿಜವಾಗಿತ್ತೆಂಬುದು ತಿಳಿದಿದ್ದರೆ ಇಂದು ಎಷ್ಟರಮಟ್ಟಿಗೆ ನಂಬಬಹುದೆಂದು ಅಳೆಯಬಹುದಾಗಿತ್ತು.

ತರುಣ: ಸ್ಥಳ ಸ್ಥಿರವೆಂದು ಹೇಳುವವರು ಜೋಯಿಡಾದ ದಾರಿಯಲ್ಲಿ ಹೋಗಿಬರಬೇಕು, ಕಾಕಾ. ಕಾಳಿ ನದಿಗೆ ಅಣೆಕಟ್ಟು ಕಟ್ಟಿದಾಗ ಸೂಪಾ ಎಂಬ ಊರಿಗೆ ಊರೇ ಮುಳುಗಿತು, ತಾಲೂಕಿನ ಕೇಂದ್ರ ಜೋಯಿಡಾಕ್ಕೆ ಹೋಯಿತು. ಹೆಸರು ಮಾತ್ರ ಅಣೆಕಟ್ಟಿಗೆ ಉಳಿಯಿತು. ಕಟ್ಟಡದೊಳಗೂ ಹಾಗೆಯೇ. ಒಂದು ಹಾಲಿಗೆ ನಡುವೆ ಪ್ಲೈವುಡ್ಡಿನ ಗೋಡೆ ಎಬ್ಬಿಸಿ ಮೂರು ಕೋಣೆ ಮಾಡಿದರೆ, ‘ಹಾಲ್–ಪೂರ್ವ’ ಎಂಬ ನಿಮ್ಮ ಗುರುತು ಎಲ್ಲಿಗೆ ಸಲ್ಲಬೇಕು?

ಹಿರಿಯರು: ಸರಿಯಾದ ಪ್ರಶ್ನೆ. ಅದಕ್ಕಾಗಿಯೇ ಬಲ್ಲವರು ಕೋಣೆಯ ಹೆಸರನ್ನೂ ಬಿಟ್ಟು, ಕೇಬಲ್ಲು ಬಂದು ಸೇರುವ ರ‍್ಯಾಕಿನ ಕಡೆಯಿಂದ ಹೆಸರಿಡುತ್ತಾರೆ. ಅಮೆರಿಕದ ದೂರಸಂಪರ್ಕ ಉದ್ಯಮದ ಸಂಘದವರು 1993 ರಲ್ಲಿ ಪ್ರಕಟಿಸಿದ 606 ಎಂಬ ಮಾನಕ ಆಗಾಗ ಪರಿಷ್ಕೃತವಾಗುತ್ತ ಬಂದಿದೆ; ಅದರ ಪದ್ಧತಿ ನಿನಗೂ ಗೊತ್ತು. 1ಎ-ಎ47 ಎಂದರೆ ಒಂದನೆಯ ಅಂತಸ್ತು, ಎ ಎಂಬ ಕೇಬಲ್ ಕೋಣೆ, ಎ ಎಂಬ ಪ್ಯಾನೆಲ್ಲು, ಅದರಲ್ಲಿ 47 ನೆಯ ಪೋರ್ಟು. ಹಾಲನ್ನು ಮೂರು ಮಾಡು, ಆರು ಮಾಡು, ಆ ಗುರುತು ಕದಲುವುದಿಲ್ಲ. ಎರಡೂ ತುದಿಗೆ ಅದೇ ಗುರುತು, ಕೈಬರಹವಲ್ಲದ ಅಚ್ಚಿನ ಗುರುತು. ನಮ್ಮ ಮುಂಡಗೋಡದಲ್ಲಿಯೇ ನೋಡು, 1966 ರಲ್ಲಿ ಟಿಬೆಟಿನವರ ವಸತಿ ಆರಂಭವಾದಾಗಿನಿಂದ ಕ್ಯಾಂಪ್ ನಂಬರ್ ಒಂದು, ಎರಡು, ಮೂರು ಎಂದೇ ಅವರ ಊರುಗಳನ್ನು ಕರೆಯುತ್ತ ಬಂದೆವು. ಅಲ್ಲಿ ದೊಡ್ಡ ದೊಡ್ಡ ವಿಹಾರಗಳು ಎದ್ದುವು, ಮನೆಗಳ ರೂಪವೇ ಬದಲಾಯಿತು, ನಂಬರು ಮಾತ್ರ ಹೊಸಬನಿಗೆ ಇಂದಿಗೂ ದಾರಿ ತೋರಿಸುತ್ತದೆ.

ತರುಣ: ಆ 606 ರಲ್ಲಿಯೇ ನನಗೆ ತೊಡಕಿರುವುದು. ನಾಲ್ಕು ವರ್ಗಗಳು, ಪ್ರತಿಯೊಂದು ಬಗೆಯ ಜೋಡಣೆಗೂ ಒಂದೊಂದು ಬಣ್ಣ: ಹೊರಗಿನ ಕಂಪನಿಯ ಕೇಬಲ್ಲು ಬಂದು ಮುಟ್ಟುವಲ್ಲಿ ಕಿತ್ತಳೆ, ಕೋಣೆಗಳಿಗೆ ಹೋಗುವಲ್ಲಿ ನೀಲಿ, ಕಟ್ಟಡದಿಂದ ಕಟ್ಟಡಕ್ಕೆ ಹೋಗುವಲ್ಲಿ ಕಂದು. ನಮ್ಮ ದೇಶದ 2016 ರ ರಾಷ್ಟ್ರೀಯ ಕಟ್ಟಡ ಸಂಹಿತೆಯಲ್ಲಿಯೂ ಎಂಟನೆಯ ಭಾಗದಲ್ಲಿ ಮಾಹಿತಿ ಸಂಪರ್ಕದ ವ್ಯವಸ್ಥೆಗಳಿಗೆಂದೇ ಒಂದು ಪ್ರಕರಣವನ್ನು ಮೀಸಲಿಟ್ಟಿದ್ದಾರೆ. ಬೆಂಗಳೂರಿನ ಹತ್ತಂತಸ್ತಿನ ಕಚೇರಿಗೆ ಇವೆಲ್ಲ ಒಪ್ಪುತ್ತವೆ. ಹನ್ನೆರಡು ಪಾಯಿಂಟು ಇರುವ ಹಳ್ಳಿಯ ಪಂಚಾಯತಿಗೆ ಇದನ್ನು ಹೊರಿಸಿದರೆ, ಪಾಲಿಸಲಾಗದ ನಿಯಮ ಎಂದು ಎಲ್ಲವನ್ನೂ ಬಿಟ್ಟುಬಿಡುತ್ತಾರೆ.

ಹಿರಿಯರು: ವರ್ಗಗಳನ್ನು ಮಾಡಿದ್ದು ಸಣ್ಣದರ ಮೇಲೆ ದೊಡ್ಡದರ ಭಾರವನ್ನು ಹೊರಿಸಬಾರದೆಂದೇ. ಒಂದೇ ಕೋಣೆಯಲ್ಲಿ ಎಲ್ಲ ಕೇಬಲ್ಲು ಸೇರುವ ಕಟ್ಟಡ ಮೊದಲನೆಯ ವರ್ಗದ್ದು. ಅದಕ್ಕೆ ಒಂದು ಹಾಳೆ ಸಾಕು. ವಿಹಾರಗಳಂಥ, ಹಲವು ಕಟ್ಟಡಗಳು ಒಂದಾಗಿರುವ ಆವರಣ ಮೂರನೆಯದು. ಅಲ್ಲಿ ಕಂದು ಬಣ್ಣ ಅಲಂಕಾರಕ್ಕಲ್ಲ. ಎರಡು ಕಟ್ಟಡಗಳ ನಡುವೆ ತಾಮ್ರವೆಳೆದಿದ್ದರೆ ಮೃಗಶಿರದ ಗುಡುಗು ಸಿಡಿಲಿನಲ್ಲಿ ಎರಡೂ ಕಡೆಯ ಸಲಕರಣೆ ಸುಡುವ ಸಂಭವವಿದೆ. ಯಾವುದು ಹೊರಗಿನಿಂದ ಬಂದದ್ದೆಂದು ಒಂದೇ ನೋಟಕ್ಕೆ ತಿಳಿಯುವುದು ಪ್ರಾಣದ ಮಾತು. ಪಂಚಾಯತಿಯ ಮಾತನ್ನೂ ಹಗುರವೆನ್ನಬೇಡ. ಪಂಚಾಯತಿಗಳಿಗೆ ಫೈಬರ್ ಮುಟ್ಟಿಸುವ ಯೋಜನೆ 2011 ರಲ್ಲಿ ಮಂಜೂರಾಗಿ, ಮುಂದೆ ಭಾರತ್‌ನೆಟ್ ಎಂಬ ಹೆಸರು ಪಡೆಯಿತು. ಆ ಫೈಬರು ಬಂದು ಮುಟ್ಟುವ ಪೆಟ್ಟಿಗೆಯಿಂದ ಈಚೆಗಿನ ಹತ್ತು ಹನ್ನೆರಡು ಕೇಬಲ್ಲುಗಳನ್ನು ಬಲ್ಲವರು ಹಳ್ಳಿಯಲ್ಲಿ ಯಾರಿರುತ್ತಾರೆ? ಬೆಂಗಳೂರಿನಲ್ಲಿ ಕರೆದ ಗಳಿಗೆಗೆ ಬರುವ ತಂತ್ರಜ್ಞನಿದ್ದಾನೆ. ಇಲ್ಲಿ ನೀನು ಹುಬ್ಬಳ್ಳಿಯಿಂದ ಹೊರಟು ಬರಬೇಕು. ದೂರ ಹೆಚ್ಚಿದಷ್ಟು ಹಾಳೆಯ ಅವಶ್ಯಕತೆ ಹೆಚ್ಚು.

ತರುಣ: ಹಾಳೆಯೆಂದಿರಿ. ಈ ಸೀಮೆಯ ಮಳೆಗೆ ಹಾಳೆ ಉಳಿಯುವುದುಂಟೆ? ಜೋಯಿಡಾ ಕಡೆ ಜುಲೈ ಆಗಸ್ಟಿನಲ್ಲಿ ಗೋಡೆಗಳೇ ಬೆವರುತ್ತವೆ. ಚೀಟಿಯ ಅಂಟು ಬಿಡುತ್ತದೆ, ಶಾಯಿ ಹರಡುತ್ತದೆ, ಉಳಿದದ್ದನ್ನು ಗೆದ್ದಲು ನೋಡಿಕೊಳ್ಳುತ್ತದೆ.

ಹಿರಿಯರು: ಶಾಯಿಯ ಬರಹವನ್ನು ನಾನು ಸಮರ್ಥಿಸುವುದಿಲ್ಲ. ತನ್ನ ಮೇಲೆ ತಾನೇ ಪಾರದರ್ಶಕವಾದ ಬಾಲವನ್ನು ಸುತ್ತಿಕೊಳ್ಳುವ ಲೇಬಲ್ಲು ಬಂದಿದೆಯಲ್ಲ, ಒಳಗೆ ಅದನ್ನು ಬಳಸು. ಅಚ್ಚು ಬಾಲದ ಕೆಳಗೆ ಸುರಕ್ಷಿತವಾಗಿರುತ್ತದೆ. ಹೊರಗಿನ ಪೆಟ್ಟಿಗೆಗೆ ಕೊರೆದ ತಗಡಿನ ಬಿಲ್ಲೆ ಕಟ್ಟು. ಹಾಳೆಯ ಎರಡು ಪ್ರತಿ ಮಾಡಿ ಒಂದನ್ನು ಲ್ಯಾಮಿನೇಟ್ ಮಾಡಿ ರ‍್ಯಾಕಿನ ಬಾಗಿಲ ಒಳಮೈಗೆ ಅಂಟಿಸು. ನಂಬರು ಯಾವ ಲಿಪಿಯಲ್ಲಿದ್ದರೂ ಇರಲಿ, ಆ ಹಾಳೆ ಮಾತ್ರ ಕನ್ನಡದಲ್ಲಿರಲಿ. ನೀನು ಫೋನಿನಲ್ಲಿ ಕೇಳಿದಾಗ ಓದಿ ಹೇಳತಕ್ಕವರು ಊರಿನವರು.

ತರುಣ: ಬಾಗಿಲ ಒಳಮೈಗೆ ಅಂಟಿಸಿದ್ದು ಕಳ್ಳನಿಗೂ ಓದಲು ಸಿಕ್ಕುತ್ತದೆ. ಕ್ಯಾಮೆರಾದ ಕೇಬಲ್ಲು ಯಾವುದೆಂದು ಅವನಿಗೆ ತೋರಿಸಿಕೊಟ್ಟಂತಾಗಲಿಲ್ಲವೆ? ಒಂದು ಬ್ಯಾಂಕಿನವರು ಈ ಕಾರಣಕ್ಕೇ ನಾನು ಹಾಕಿದ ಹಾಳೆಯನ್ನು ಕಿತ್ತಿಸಿದರು.

ಹಿರಿಯರು: ಅದಕ್ಕೆ ಚೀಟಿಯ ಮೇಲೆ ನಂಬರು ಮಾತ್ರವಿರಲಿ ಎಂದೆ. ಹಾಳೆಯನ್ನು ಬೀಗದೊಳಗಿಡಬೇಕೆಂದರೆ ಇಡಲಿ. ಬೀಗದ ಕೈ ಇದ್ದವನು ರಜೆಯಲ್ಲಿದ್ದ ದಿನವೇ ಕೇಬಲ್ಲು ಕೆಡುತ್ತದೆಂಬುದೂ ನನಗೆ ಗೊತ್ತಿದೆ. ಗುಟ್ಟಿಗೂ ಸೌಕರ್ಯಕ್ಕೂ ಇರುವ ಈ ಜಗಳವನ್ನು ಎಲ್ಲ ಕಟ್ಟಡಕ್ಕೂ ಒಪ್ಪುವಂತೆ ತೀರ್ಮಾನಿಸುವ ಶಕ್ತಿ ನನಗಿಲ್ಲ. ಬ್ಯಾಂಕಿಗೆ ಒಂದು ರೀತಿ, ಶಾಲೆಗೆ ಒಂದು ರೀತಿ.

ತರುಣ: ಬಹಳ ಸಂಗತಿಗಳಲ್ಲಿ ನಿಮ್ಮ ಮಾತು ನನಗೆ ಒಪ್ಪಿಗೆಯಾಯಿತು. ಆದರೂ ಮೊದಲು ಕೇಳಿದ ಪ್ರಶ್ನೆಗೆ ಉತ್ತರ ಬರಲಿಲ್ಲ. ಯಾರು ಬರೆಯಬೇಕು? ಯಾರ ಖರ್ಚಿನಲ್ಲಿ?

ಹಿರಿಯರು: ಮೊದಲ ಬರಹ ನಿನ್ನದು, ಅದಕ್ಕೆ ಟೆಂಡರಿನಲ್ಲಿ ಪ್ರತ್ಯೇಕ ದರವಿರಬೇಕು. ಕೊನೆಯ ಬಿಲ್ಲಿನ ಒಂದಂಶವನ್ನು ತಡೆದಿಟ್ಟು, ನೀನು ನಕ್ಷೆಯನ್ನೂ ಪಟ್ಟಿಯನ್ನೂ ಒಪ್ಪಿಸಿದ ಮೇಲೆ, ತಮಗೆ ತೋಚಿದ ನಾಲ್ಕಾರು ಪಾಯಿಂಟುಗಳನ್ನು ಆರಿಸಿ, ಪಟ್ಟಿಯಲ್ಲಿದ್ದಂತೆ ಗೋಡೆಯಲ್ಲಿದೆಯೇ ಎಂದು ನೋಡಿ ಹಣ ಕೊಡಲಿ. ಮುಂದಿನ ಬರಹ ಬದಲಿಸಿದವನದು. ಹಾಕಿದವನು ಒಮ್ಮೆ ಬರೆದು ಹೋಗುತ್ತಾನೆ. ಪುಸ್ತಕವನ್ನು ಕೆಡಿಸುವವನು ಯಾವಾಗಲೂ ಬದಲಿಸಿದವನೇ.

ತರುಣ: ನೋಡಿ ಹಣ ಕೊಡತಕ್ಕ ಪಂಚಾಯತಿಯ ಪಿ.ಡಿ.ಓ. ಇಂದು ಇಲ್ಲಿ, ನಾಳೆ ಇನ್ನೊಂದು ತಾಲೂಕಿನಲ್ಲಿ. ಹೊಸಬರು ಬಂದಾಗ ಆ ಪುಸ್ತಕ ಯಾವ ಕಪಾಟಿನಲ್ಲಿದೆಯೆಂದು ಕೂಡ ತಿಳಿದಿರುವುದಿಲ್ಲ.

ಹಿರಿಯರು: ವರ್ಗವಾಗದವರ ಕೈಗೆ ಕೊಡು. ಡಾಟಾ ಎಂಟ್ರಿ ಆಪರೇಟರು ಸಾಮಾನ್ಯವಾಗಿ ಊರಿನವರೇ. ಲಿಂಕ್ ಬಿದ್ದಾಗ ಪಹಣಿಗೆ, ಅರ್ಜಿಗೆ ಬಂದ ಜನರ ಸಿಟ್ಟನ್ನು ಸಹಿಸುವವರೂ ಅವರೇ. ಯಾರಿಗೆ ನಷ್ಟವಿದೆಯೋ ಅವರು ಬರೆಯುತ್ತಾರೆಂದು ನೀನೇ ಹೇಳಿದೆ. ನಷ್ಟ ಪಡುವವರು ಆ ಕುರ್ಚಿಯಲ್ಲಿದ್ದಾರೆ.

ತರುಣ: ಅದು ಅನ್ಯಾಯ, ಕಾಕಾ. ಬದಲಿಸುವ ಅಧಿಕಾರ ನಮ್ಮಂಥವರಿಗೆ, ಬರೆಯುವ ಹೊಣೆ ಅವರಿಗೆ ಎಂದರೆ, ತಪ್ಪು ನಮ್ಮದಾಗಿದ್ದರೂ ಅಪರಾಧ ಪುಸ್ತಕ ಹಿಡಿದವರ ಮೇಲೆ ಬರುತ್ತದೆ. ಅವರ ಸಂಬಳವೇನೂ ಇದರಿಂದ ಏರುವುದಿಲ್ಲ.

ಹಿರಿಯರು: ಅವರು ಬರೆದ ಸಾಲಿನ ಕೆಳಗೆ ಸಹಿ ನಿನ್ನದು. ಸಹಿಯಾಗುವ ತನಕ ರ‍್ಯಾಕಿಗೆ ಬೀಗ ಹಾಕಿಕೊಂಡು ಹೋಗುವಂತಿಲ್ಲ.

ತರುಣ: ಮುಸ್ಸಂಜೆಗೆ ಲಿಂಕ್ ಬಿದ್ದಿದೆ, ನಾಳೆ ಬೆಳಗ್ಗೆ ಗ್ರಾಮಸಭೆ, ಕರೆಂಟು ಬಂದು ಹೋಗುತ್ತಿದೆ, ಮೊಬೈಲಿನ ಬೆಳಕಿನಲ್ಲಿ ನಾನು ಕೆಲಸ ಮಾಡುತ್ತಿದ್ದೇನೆ ಎಂದಿಟ್ಟುಕೊಳ್ಳಿ. ಮೊದಲು ಕೂಡಿಸುತ್ತೇನೆ, ಬರೆಯುವುದನ್ನು ನಾಳೆಗೆ ಬಿಡುತ್ತೇನೆ. ನನ್ನ ಜಾಗದಲ್ಲಿ ನೀವಿದ್ದರೂ ಹಾಗೆಯೇ ಮಾಡುತ್ತಿದ್ದಿರಿ.

ಹಿರಿಯರು: ಮಾಡುತ್ತಿದ್ದೆ. ಕೂಡಿಸುವುದೇ ಮೊದಲು, ಅದರಲ್ಲಿ ವಾದವಿಲ್ಲ. ಹಾಗೆ ಅವಸರದಲ್ಲಿ ಕೂಡಿಸುವಾಗ ಯಾವಾಗಲೂ ಕೆಂಪು ಬಣ್ಣದ ಪ್ಯಾಚ್ ಕಾರ್ಡನ್ನೇ ಬಳಸು, ಬೇರೆ ಯಾವುದಕ್ಕೂ ಕೆಂಪನ್ನು ಬಳಸಬೇಡ. ರ‍್ಯಾಕಿನ ಬಾಗಿಲು ತೆರೆದವರಿಗೆ, ಇದು ಇನ್ನೂ ಪುಸ್ತಕಕ್ಕೆ ಏರಿಲ್ಲ ಎಂದು ತಿಳಿದಿರುತ್ತದೆ. ಬರೆದಾದ ಮೇಲೆ ಕೆಂಪನ್ನು ತೆಗೆದು ಬೇರೆಯದನ್ನು ಹಾಕು.

ತರುಣ: ಕೆಂಪು ಕಾರ್ಡುಗಳು ವರ್ಷಗಟ್ಟಲೆ ಅಲ್ಲಿಯೇ ಉಳಿಯುತ್ತವೆ.

ಹಿರಿಯರು: ಉಳಿದರೆ ಎಷ್ಟು ಉಳಿದಿವೆಯೆಂದು ಎಣಿಸಬಹುದು. ಈಗ ನಿನಗೆ ಅದೂ ಸಾಧ್ಯವಿಲ್ಲ.

ತರುಣ: ಇದನ್ನು ಮಾಡಿ ನೋಡುತ್ತೇನೆ, ಕಾಕಾ; ಆಪರೇಟರಿಗೆ ಪುಸ್ತಕ ಕೊಡುವ ಮಾತನ್ನು ಮಾತ್ರ ನಾನು ಒಪ್ಪಿಲ್ಲ. ದರದ ವಿಷಯಕ್ಕಂತೂ ಟೆಂಡರ್ ಬರೆಯುವವರು ನಾವಲ್ಲ.

ಹಿರಿಯರು: ಬರೆಯುವ ಮೊದಲು ಆಕ್ಷೇಪಣೆ ಕೇಳುವ ಸಭೆ ಕರೆಯುತ್ತಾರಲ್ಲ, ಅಲ್ಲಿ ಹೇಳು. ಮುಂದಿನ ಕರಡು ಕೈಗೆ ಬಂದಾಗ ಇಲ್ಲಿಗೆ ತಾ. ಲೇಬಲ್ಲಿನ ಸಾಲು ಎಲ್ಲಿದೆ, ಅದರ ಮುಂದೆ ದರದ ಕಾಲಮ್ಮನ್ನು ಖಾಲಿ ಬಿಟ್ಟಿದ್ದಾರೆಯೇ ಎಂದು ಇಬ್ಬರೂ ಕೂಡಿ ಓದೋಣ.